ಹವಾಮುನ್ಸೂಚನೆಯ ಹರಿಕಾರ ಫಿಟ್ಸ್‌ರಾಯ್

ಬಾನಿನ ಬಣ್ಣ, ಗಾಳಿಯ ದಿಕ್ಕು, ಇರುವೆಗಳ ಸಾಲು, ಹಕ್ಕಿಗಳ ಹಾರಾಟ ಮೊದಲಾದವನ್ನು ನೋಡಿ ಮಳೆಗಾಳಿಗಳ ಆಗಮನವನ್ನು ಊಹಿಸುವ ವಾಡಿಕೆ ಎಲ್ಲ ದೇಶಗಳಲ್ಲಿಯೂ ಪ್ರಾಚೀನ ಕಾಲದಿಂದ ನಡೆದುಬಂದಿದೆ. ರೈತನೂ ಬೆಸ್ತನೂ ಈ ವಿದ್ಯೆಯಲ್ಲಿ ಪಳಗಿದವರು. ಆದರೆ ಅವರ ಊಹೆ ಅವರ ಕಣ್ಣಿಗೆ ಕಾಣುವಷ್ಟು ಆಕಾಶಕ್ಕೆ ಮಾತ್ರ ಸೀಮಿತವಾದುದು. ನೂರಾರು ಮೈಲಿಗಳ ಆಚೆ ಹುಟ್ಟಿ, ಮರುದಿನ ತಮ್ಮ ತೀರಕ್ಕೆ ಬಂದು ಅಪ್ಪಳಿಸಲಿರುವ ಬಿರುಗಾಳಿಯ ಸುಳಿವು ಅವರಿಗೆ ಹೇಗೆ ತಾನೆ ದೊರೆತೀತು? 1854ರ ಜೂನ್ ತಿಂಗಳಿನಲ್ಲಿ ಬ್ರಿಟಿಷ್ ಪಾರ್ಲಿಮೆಂಟಿನ ಸದಸ್ಯನಾದ ಜಾನ್ ಬಾಲ್ ಎಂಬುವನು, ಲಂಡನ್ ನಗರದ ಹವೆಯ ಸ್ಥಿತಿಯನ್ನು ಇಪ್ಪತ್ತನಾಲ್ಕು ಗಂಟೆಗಳಷ್ಟು ಮೊದಲೇ ತಿಳಿಯುವ ಕಾಲ ಬರಬಹುದೆಂದು ಸಭೆಯಲ್ಲಿ ಹೇಳಿದನು. ಸಭೆಯು ಗೊಳ್ಳೆಂದು ನಕ್ಕಿತು. ಇದಾದ ಏಳೇ ವರ್ಷಗಳಲ್ಲಿ ಲಂಡನ್ನಿನ ದಿನಪತ್ರಿಕೆಯೊಂದು ಮುಂದಿನ ಎರಡು ದಿನಗಳ ಹವೆಯನ್ನು ಅಚ್ಚುಮಾಡಿ ಪ್ರಕಟಿಸಿತು. ಆ ನಗೆಗೂ ಈ ಪ್ರಕಟಣೆಗೂ ನಡುವೆ ಅಡ್ಮಿರಲ್ ರಾಬರ್ಟ್ ಫಿಟ್ಸ್‌ರಾಯ್ ಎಂಬ ನಾವಿಕನ ದುಡಿಮೆಯಿದೆ.

ಫಿಟ್ಸ್‌ರಾಯ್ 1805ನೆಯ ಇಸವಿ ಜುಲೈ 5ರಂದು ಇಂಗ್ಲೆಂಡಿನ ಸಫೋಕ್ ಪ್ರಾಂತದ ಆಂಪ್ಟನ್ ಹಾಲ್ ಎಂಬ ಬಂಗಲೆಯಲ್ಲಿ ಜನಿಸಿದನು. ಅವನದು ಶ್ರೀಮಂತ ಮನೆತನ. ತಾತನು ದೇಶದ ಪ್ರಧಾನಮಂತ್ರಿಯಾಗಿದ್ದವನು. ವಂಶದ ಮೂಲವು ಎರಡನೆಯ ಚಾರ್ಲ್ಸ್ ದೊರೆಯವರೆಗೆ ಹೋಗುತ್ತಿತ್ತು. ಪುಟ್ಟ ಬಾಲಕನಾಗಿದ್ದಾಗಲೇ ತಾಯಿ ತೀರಿಕೊಂಡಳು. ಹನ್ನೆರಡನೆಯ ವಯಸ್ಸಿನಲ್ಲಿ ಅವನನ್ನು ಪೋರ್ಟ್ಸ್‌ಮತ್‌ನ ರಾಯಲ್ ನೌಕಾ ವಿದ್ಯಾಲಯಕ್ಕೆ ಸೇರಿಸಲಾಯಿತು. ಸಿರಿವಂತರ ಮಕ್ಕಳು ಶಿಫಾರಸಿನ ಬಲದಿಂದ ಮೇಲೇರುವುದು ಸಾಮಾನ್ಯವಾಗಿದ್ದ ಕಾಲವದು. ಫಿಟ್ಸ್‌ರಾಯ್ ಆ ದಾರಿಯನ್ನೇ ನೆಚ್ಚಿ ಕೂರಲಿಲ್ಲ. 1824ರಲ್ಲಿ ನಡೆದ ಲೆಫ್ಟಿನೆಂಟ್ ಪದವಿಯ ಪರೀಕ್ಷೆಯಲ್ಲಿ ಅವನು ಪೂರ್ಣ ಅಂಕಗಳನ್ನು ಗಳಿಸಿದನು. ಅದುವರೆಗೆ ಯಾರೂ ಆ ಪರೀಕ್ಷೆಯಲ್ಲಿ ಒಂದು ಅಂಕವನ್ನೂ ಕಳೆದುಕೊಳ್ಳದೆ ಉತ್ತೀರ್ಣರಾಗಿರಲಿಲ್ಲ.

ಇಪ್ಪತ್ತಮೂರನೆಯ ವಯಸ್ಸಿನಲ್ಲಿ ಅವನಿಗೆ ಬೀಗಲ್ ಎಂಬ ಪುಟ್ಟ ಹಡಗಿನ ನಾಯಕತ್ವ ದೊರೆಯಿತು. ಅದು ದೊರೆತ ಬಗೆ ಸಂತೋಷದ್ದಲ್ಲ. ದಕ್ಷಿಣ ಅಮೆರಿಕದ ತುತ್ತತುದಿಯ ಕರಾವಳಿಯನ್ನು ಅಳೆದು ನಕಾಶೆ ತಯಾರಿಸುವ ಕೆಲಸಕ್ಕೆ ಬೀಗಲ್ ನಿಯೋಜಿತವಾಗಿತ್ತು. ಅಲ್ಲಿನ ಕೊರೆಯುವ ಚಳಿ, ಎಡೆಬಿಡದ ಗಾಳಿಮಳೆ ಹಾಗೂ ಒಂಟಿತನಗಳಿಂದ ಜರ್ಝರಿತನಾದ ಹಿಂದಿನ ನಾಯಕ ಪ್ರಿಂಗಲ್ ಸ್ಟೋಕ್ಸ್ 1828ರಲ್ಲಿ ಆತ್ಮಹತ್ಯೆ ಮಾಡಿಕೊಂಡಿದ್ದನು. ಆ ಕಾಲದ ನೌಕಾದಳದ ಕಟ್ಟಳೆಯಂತೆ ಹಡಗಿನ ನಾಯಕನು ತನ್ನ ಕೈಕೆಳಗಿನವರೊಂದಿಗೆ ಸಲಿಗೆಯಿಂದ ಬೆರೆಯುವಂತಿರಲಿಲ್ಲ. ತಿಂಗಳುಗಟ್ಟಲೆ ಒಬ್ಬನೇ ಉಂಡು, ಒಬ್ಬನೇ ಚಿಂತಿಸಬೇಕಾಗಿತ್ತು. ಫಿಟ್ಸ್‌ರಾಯ್ ಇದನ್ನು ಮರೆಯಲಿಲ್ಲ.

ನಾಯಕನಾದ ಕೆಲವೇ ವಾರಗಳಲ್ಲಿ, 1829ರ ಜನವರಿಯಲ್ಲಿ, ಅವನ ಮುಂದಿನ ಬದುಕಿನ ದಿಕ್ಕನ್ನು ತಿದ್ದಿದ ಘಟನೆಯೊಂದು ನಡೆಯಿತು. ಬೀಗಲ್ ಆಗ ಪ್ಲೇಟ್ ನದಿಯ ಮುಖದಲ್ಲಿ ಮಾಲ್ಡೊನಾಡೊ ಎಂಬ ಊರಿನ ಸಮೀಪಕ್ಕೆ ಬಂದಿತ್ತು. ಹಡಗಿನಲ್ಲಿದ್ದ ವಾಯುಭಾರಮಾಪಕದ ಪಾದರಸ ಇಳಿಯುತ್ತಿತ್ತು. ನಮ್ಮನ್ನು ಆವರಿಸಿರುವ ಗಾಳಿಗೂ ತೂಕವಿದೆ. ಆ ತೂಕವೇ ಮಾಪಕದ ಗಾಜಿನ ನಳಿಗೆಯಲ್ಲಿ ಪಾದರಸದ ಕಂಬವನ್ನು ಸುಮಾರು 76 ಸೆಂಟಿಮೀಟರ್ ಎತ್ತರಕ್ಕೆ ಎತ್ತಿ ನಿಲ್ಲಿಸಿರುತ್ತದೆ. ಒಂದೆಡೆ ಗಾಳಿಯ ಒತ್ತಡ ಕುಗ್ಗಿದರೆ ಪಾದರಸ ಇಳಿಯುತ್ತದೆ. ಸುತ್ತಲಿನ ಗಾಳಿ ಆ ಕಡೆಗೆ ನುಗ್ಗಿಬರುತ್ತದೆ. ಪಾದರಸ ಬೇಗಬೇಗನೆ ಇಳಿಯುತ್ತಿದ್ದರೆ ಬಿರುಗಾಳಿ ಸಮೀಪಿಸುತ್ತಿದೆ ಎಂದು ತಿಳಿಯಬೇಕು. ತರುಣ ನಾಯಕನು ಈ ಸೂಚನೆಗೆ ತಕ್ಕಷ್ಟು ಬೆಲೆ ಕೊಡಲಿಲ್ಲ. ಹಾಯಿಗಳನ್ನು ಇಳಿಸುವಷ್ಟರಲ್ಲಿಯೇ ಪಾಂಪೆರೊ ಎಂದು ಅಲ್ಲಿನವರು ಕರೆಯುವ ಬಿರುಗಾಳಿ ಬಂದೆರಗಿ ಹಡಗನ್ನು ಒಂದು ಪಕ್ಕಕ್ಕೆ ಮಲಗಿಸಿಬಿಟ್ಟಿತು. ಹಡಗು ಹೇಗೋ ಮೇಲೆದ್ದಿತು. ಆದರೆ ಇಬ್ಬರು ನಾವಿಕರು ಸಮುದ್ರದ ಪಾಲಾದರು. ಅಂದಿನಿಂದ ಫಿಟ್ಸ್‌ರಾಯ್‌ನ ದೃಷ್ಟಿಯಲ್ಲಿ ಆ ಗಾಜಿನ ನಳಿಗೆಯು ಕೇವಲ ಒಂದು ಉಪಕರಣವಾಗಿ ಉಳಿಯಲಿಲ್ಲ.

1831ರ ಡಿಸೆಂಬರ್ 27ರಂದು ಬೀಗಲ್ ಎರಡನೆಯ ಯಾನಕ್ಕೆ ಹೊರಟಿತು. ಸ್ಟೋಕ್ಸನ ಗತಿಯನ್ನು ನೆನೆದ ಫಿಟ್ಸ್‌ರಾಯ್, ತನ್ನೊಡನೆ ಕುಳಿತು ಉಣ್ಣಲು, ಮಾತನಾಡಲು ಒಬ್ಬ ವಿದ್ಯಾವಂತ ಜೊತೆಗಾರನು ಬೇಕೆಂದು ಬಯಸಿದನು. ಹಾಗೆ ಆಯ್ಕೆಯಾದವನು ಇಪ್ಪತ್ತೆರಡು ವರ್ಷದ ಚಾರ್ಲ್ಸ್ ಡಾರ್ವಿನ್. ಮೂಗಿನ ಆಕಾರದಿಂದ ಮನುಷ್ಯನ ಗುಣವನ್ನು ಅಳೆಯಬಹುದೆಂದು ನಂಬಿದ್ದ ಫಿಟ್ಸ್‌ರಾಯ್‌ಗೆ ಡಾರ್ವಿನ್ನನ ಮೂಗನ್ನು ಕಂಡು ಮೊದಲು ಸಂಶಯ ಮೂಡಿತ್ತಂತೆ. ಆ ಮೂಗು ತಿರಸ್ಕೃತವಾಗಿದ್ದರೆ ಜೀವವಿಜ್ಞಾನದ ಚರಿತ್ರೆಯೇ ಬೇರೆಯಾಗುತ್ತಿತ್ತೇನೋ! ಸುಮಾರು ಐದು ವರ್ಷಗಳ ಆ ಯಾನವು ಡಾರ್ವಿನ್ನನ ಹೆಸರಿನಿಂದಲೇ ಪ್ರಸಿದ್ಧವಾಗಿದೆ. ಅದೇ ಹಡಗಿನಲ್ಲಿ ನಾಯಕನು ಮಾಡಿದ ಕೆಲಸ ಅಷ್ಟಾಗಿ ಯಾರ ನೆನಪಿನಲ್ಲಿಯೂ ಉಳಿಯಲಿಲ್ಲ. ದಕ್ಷಿಣ ಅಮೆರಿಕದ ಕರಾವಳಿಯ ಎಷ್ಟೋ ಭಾಗವನ್ನು ಆತನು ಅಂಗುಲ ಅಂಗುಲವಾಗಿ ಅಳೆದನು. ರೇಖಾಂಶಗಳನ್ನು ನಿಖರವಾಗಿ ಗುರುತಿಸಲು 22 ಕಾಲಮಾಪಕಗಳನ್ನು ಒಯ್ದಿದ್ದನು. ಗಾಳಿಯ ವೇಗವನ್ನು ಸೊನ್ನೆಯಿಂದ ಹನ್ನೆರಡರವರೆಗಿನ ಅಂಕಿಗಳಲ್ಲಿ ಸೂಚಿಸುವ, ಫ್ರಾನ್ಸಿಸ್ ಬೋಫರ್ಟ್ ರೂಪಿಸಿದ ಮಾನಕವನ್ನು ಅಧಿಕೃತವಾಗಿ ಬಳಸಿದ ಮೊದಲ ಯಾನವೂ ಅದೇ. ದಿನದಿನವೂ ಗಾಳಿ, ಉಷ್ಣತೆ, ಒತ್ತಡ, ಮೋಡಗಳ ಸ್ಥಿತಿಗಳನ್ನು ಹಡಗಿನ ದಿನಚರಿಯಲ್ಲಿ ದಾಖಲಿಸಲಾಯಿತು. ಕೇಪ್ ಹಾರ್ನ್‌ನ ಭಯಂಕರ ಅಲೆಗಳ ನಡುವೆಯೂ ಈ ಕ್ರಮ ತಪ್ಪಲಿಲ್ಲ. 1837ರಲ್ಲಿ ರಾಯಲ್ ಭೌಗೋಲಿಕ ಸಂಘವು ಅವನಿಗೆ ಚಿನ್ನದ ಪದಕವನ್ನಿತ್ತು ಗೌರವಿಸಿತು.

ಆ ಬಳಿಕ ಅವನು ಪಾರ್ಲಿಮೆಂಟಿನ ಸದಸ್ಯನಾದನು. 1843ರಲ್ಲಿ ನ್ಯೂಜಿಲೆಂಡಿನ ಗವರ್ನರನಾಗಿ ಹೋದನು. ಅಲ್ಲಿನ ಮೂಲನಿವಾಸಿಗಳಾದ ಮಾವೊರಿ ಜನರಿಗೂ ನೆಲಕ್ಕಾಗಿ ಹಾತೊರೆಯುತ್ತಿದ್ದ ಬಿಳಿಯ ವಲಸೆಗಾರರಿಗೂ ಜಗಳ ನಡೆದಿತ್ತು. ರಕ್ತಪಾತಕ್ಕೆಡೆಯಾದ ಒಂದು ಪ್ರಕರಣದಲ್ಲಿ ತಪ್ಪು ವಲಸೆಗಾರರದೇ ಎಂದು ಅವನು ನಿರ್ಣಯಿಸಿದುದರಿಂದ ತನ್ನವರ ಕೋಪಕ್ಕೆ ಗುರಿಯಾದನು. ಆಡಳಿತದ ಹಣಕಾಸೂ ಕೆಟ್ಟಿತು. 1845ರಲ್ಲಿ ಸರ್ಕಾರವು ಅವನನ್ನು ಹಿಂದಕ್ಕೆ ಕರೆಸಿಕೊಂಡಿತು. ಆರೋಗ್ಯ ಕುಂದಿದ ಕಾರಣ 1850ರಲ್ಲಿ ನೌಕಾದಳದ ಸಕ್ರಿಯ ಸೇವೆಯಿಂದಲೂ ನಿವೃತ್ತನಾದನು. ಎರಡು ವರ್ಷಗಳಲ್ಲಿ ಪತ್ನಿ ಮೇರಿ ತೀರಿಕೊಂಡಳು. ನಲವತ್ತೇಳು ವರ್ಷದ ಆತನ ಸಾರ್ವಜನಿಕ ಜೀವನ ಮುಗಿಯಿತೆಂದೇ ಅನೇಕರು ಭಾವಿಸಿದ್ದಿರಬೇಕು.

1853ರಲ್ಲಿ ಅಮೆರಿಕದ ನೌಕಾಧಿಕಾರಿ ಮ್ಯಾಥ್ಯೂ ಮೋರಿಯ ಪ್ರೇರಣೆಯಿಂದ ಬ್ರಸೆಲ್ಸ್ ನಗರದಲ್ಲಿ ಸಮುದ್ರಯಾನ ಮಾಡುವ ರಾಷ್ಟ್ರಗಳ ಸಮ್ಮೇಳನವೊಂದು ಸೇರಿತು. ಎಲ್ಲ ದೇಶಗಳ ಹಡಗುಗಳೂ ಒಂದೇ ಕ್ರಮದಲ್ಲಿ ಹವೆಯ ವಿವರಗಳನ್ನು ಬರೆದಿಡಬೇಕೆಂದು ಅಲ್ಲಿ ತೀರ್ಮಾನವಾಯಿತು. ಇದರ ಫಲವಾಗಿ 1854ರಲ್ಲಿ ಬ್ರಿಟನ್ನಿನ ವ್ಯಾಪಾರ ಮಂಡಲಿಯು ಹವಾಮಾನದ ಅಂಕಿಅಂಶಗಳಿಗಾಗಿ ಒಂದು ಚಿಕ್ಕ ಇಲಾಖೆಯನ್ನು ತೆರೆದು, ಫಿಟ್ಸ್‌ರಾಯ್‌ನನ್ನು ಅದರ ಮುಖ್ಯಸ್ಥನನ್ನಾಗಿ ನೇಮಿಸಿತು. ಬೆರಳೆಣಿಕೆಯಷ್ಟು ಗುಮಾಸ್ತರು, ಒಂದಿಷ್ಟು ಕಾಗದಪತ್ರ. ಇಷ್ಟೇ ಆ ಇಲಾಖೆ. ಅದಕ್ಕೆ ವಿಧಿಸಿದ್ದ ಕೆಲಸವೂ ಸಾಧಾರಣವಾದುದೇ: ಹಡಗುಗಳ ನಾಯಕರಿಗೆ ಉಪಕರಣಗಳನ್ನು ಎರವಲು ಕೊಡುವುದು, ಅವರು ಬರೆದು ತಂದ ವಿವರಗಳನ್ನು ಒಟ್ಟುಗೂಡಿಸುವುದು, ಯಾವ ಸಮುದ್ರದಲ್ಲಿ ಯಾವ ತಿಂಗಳು ಯಾವ ಗಾಳಿ ಬೀಸುವುದೆಂಬ ಪಟಗಳನ್ನು ತಯಾರಿಸುವುದು. ನಾಳಿನ ಹವೆಯನ್ನು ಹೇಳೆಂದು ಅವನಿಗೆ ಯಾರೂ ಆಜ್ಞೆ ಮಾಡಿರಲಿಲ್ಲ.

ಆದರೆ ಫಿಟ್ಸ್‌ರಾಯ್ ಅಂಕಿಗಳನ್ನು ಕೂಡಿಸಿ ಕಪಾಟಿನಲ್ಲಿಡುವುದರಿಂದ ತೃಪ್ತನಾಗುವ ಮನುಷ್ಯನಲ್ಲ. ಬ್ರಿಟನ್ನಿನ ತೀರದಲ್ಲಿ ಪ್ರತಿವರ್ಷವೂ ನೂರಾರು ಜನ ಹಡಗು ಒಡೆದು ಸಾಯುತ್ತಿದ್ದರು. ಇವರಲ್ಲಿ ಹಲವರು ಬಡ ಬೆಸ್ತರು. ವಾಯುಭಾರಮಾಪಕವನ್ನು ಕೊಳ್ಳುವ ಶಕ್ತಿ ಅವರಿಗಿರಲಿಲ್ಲ. ಫಿಟ್ಸ್‌ರಾಯ್ ಅಗ್ಗವೂ ಗಟ್ಟಿಮುಟ್ಟೂ ಆದ ಮಾಪಕವೊಂದನ್ನು ರೂಪಿಸಿ, ಬೆಸ್ತರ ಹಳ್ಳಿಗಳಲ್ಲಿ ಎಲ್ಲರೂ ನೋಡುವಂಥ ಸ್ಥಳದಲ್ಲಿ ನಿಲ್ಲಿಸುವ ಏರ್ಪಾಡು ಮಾಡಿದನು. ಅದನ್ನು ಓದುವ ಕ್ರಮವನ್ನು ಸರಳವಾಗಿ ವಿವರಿಸುವ ಕೈಪಿಡಿಯನ್ನೂ ಬರೆದನು. ಪಾದರಸ ಎಷ್ಟು ಎತ್ತರದಲ್ಲಿದೆ ಎಂಬುದಕ್ಕಿಂತ ಅದು ಏರುತ್ತಿದೆಯೋ ಇಳಿಯುತ್ತಿದೆಯೋ ಎಂಬುದನ್ನು ಗಮನಿಸುವುದೇ ಮುಖ್ಯವೆಂದು ಬೆಸ್ತರಿಗೆ ಕಲಿಸಿದನು.

ಇಷ್ಟರಲ್ಲಿ ರಾಯಲ್ ಚಾರ್ಟರ್ ಹಡಗಿನ ದುರಂತ ಸಂಭವಿಸಿತು. ಈ ಹಡಗು ಆಸ್ಟ್ರೇಲಿಯದ ಮೆಲ್ಬರ್ನ್‌ನಿಂದ ಲಿವರ್‌ಪೂಲ್‌ಗೆ ಬರುತ್ತಿತ್ತು. ಕಬ್ಬಿಣದ ಮೈಯ, ಹಾಯಿಯೊಡನೆ ಉಗಿಯಂತ್ರವನ್ನೂ ಹೊಂದಿದ್ದ ಹೊಸ ಮಾದರಿಯ ನೌಕೆ. ಎರಡೇ ತಿಂಗಳಲ್ಲಿ ಅಷ್ಟು ದೂರವನ್ನು ಕ್ರಮಿಸಿ ಬಂದಿತ್ತು. ಪ್ರಯಾಣಿಕರಲ್ಲಿ ಹಲವರು ಆಸ್ಟ್ರೇಲಿಯದ ಚಿನ್ನದ ಗಣಿಗಳಲ್ಲಿ ವರ್ಷಗಟ್ಟಲೆ ದುಡಿದು, ಗಳಿಸಿದ ಚಿನ್ನವನ್ನು ಸೊಂಟಕ್ಕೆ ಕಟ್ಟಿಕೊಂಡು ಹೆಂಡಿರು ಮಕ್ಕಳೊಡನೆ ತಾಯ್ನಾಡಿಗೆ ಮರಳುತ್ತಿದ್ದರು. 1859ರ ಅಕ್ಟೋಬರ್ 25ರ ಸಂಜೆಗೆ ಹಡಗು ವೇಲ್ಸ್ ಪ್ರಾಂತದ ಆಂಗಲ್ಸಿ ದ್ವೀಪದ ಬಳಿಗೆ ಬಂದಿತು. ಲಿವರ್‌ಪೂಲ್ ಇನ್ನು ಕೆಲವೇ ಗಂಟೆಗಳ ದಾರಿ. ಆಗ ಬಿರುಗಾಳಿ ಎದ್ದಿತು. ನಾಯಕನು ಲಂಗರುಗಳನ್ನು ಇಳಿಸಿದನು. ನಡುರಾತ್ರಿ ಕಳೆದ ಮೇಲೆ ಅವುಗಳ ಸರಪಳಿಗಳು ಒಂದಾದ ಮೇಲೊಂದು ತುಂಡಾದವು. ಕೂವೆಗಳನ್ನು ಕಡಿದುಹಾಕಿದರೂ ಪ್ರಯೋಜನವಾಗಲಿಲ್ಲ. ಬೆಳಗಿನ ಜಾವದಲ್ಲಿ ಮೋಲ್ಫ್ರೆ ಎಂಬ ಹಳ್ಳಿಯ ಬಳಿ ಅಲೆಗಳು ಹಡಗನ್ನು ಬಂಡೆಗಳಿಗೆ ಅಪ್ಪಳಿಸಿದವು. ದಡ ಕೂಗಳತೆಯಲ್ಲಿಯೇ ಇತ್ತು. ಮಾಲ್ಟಾ ದ್ವೀಪದ ನಾವಿಕನೊಬ್ಬನು ಹಗ್ಗವನ್ನು ಸೊಂಟಕ್ಕೆ ಬಿಗಿದು, ಕುದಿಯುವ ನೀರಿನಲ್ಲಿ ಈಜಿ ದಡ ಸೇರಿದನು. ಅವನ ಸಾಹಸದಿಂದ ಕೆಲವರು ಉಳಿದರು. ಸುಮಾರು 450 ಜನ ಮೃತರಾದರು. ಬದುಕಿದವರು ನಲವತ್ತರಷ್ಟು ಮಂದಿ. ಅವರಲ್ಲಿ ಒಬ್ಬ ಹೆಂಗಸಾಗಲಿ ಒಂದು ಮಗುವಾಗಲಿ ಇರಲಿಲ್ಲ. ಆ ಒಂದು ಬಿರುಗಾಳಿಯಿಂದ ಬ್ರಿಟನ್ನಿನ ಸುತ್ತಮುತ್ತ 133 ಹಡಗುಗಳು ಮುಳುಗಿ, ಒಟ್ಟು 800ರಷ್ಟು ಜನ ಪ್ರಾಣ ಕಳೆದುಕೊಂಡರು.

ದೇಶವೆಲ್ಲ ಶೋಕದಲ್ಲಿ ಮುಳುಗಿದ್ದಾಗ ಫಿಟ್ಸ್‌ರಾಯ್ ತನ್ನ ಕಚೇರಿಯಲ್ಲಿ ಕುಳಿತು ವಿವರಗಳನ್ನು ತರಿಸತೊಡಗಿದನು. ದೀಪಸ್ತಂಭಗಳ ಕಾವಲುಗಾರರು, ಹಡಗುಗಳ ನಾಯಕರು, ಖಾಸಗಿಯಾಗಿ ಹವೆಯನ್ನು ಗಮನಿಸುತ್ತಿದ್ದ ಉತ್ಸಾಹಿಗಳು ಬರೆದಿಟ್ಟಿದ್ದ ಅಂಕಿಗಳನ್ನು ಕಲೆಹಾಕಿ, ಒಂದೊಂದು ಹೊತ್ತಿನ ಸ್ಥಿತಿಗೆ ಒಂದೊಂದು ಭೂಪಟವನ್ನು ಬರೆದನು. ಆ ಪಟಗಳನ್ನು ಒಂದರ ಪಕ್ಕದಲ್ಲೊಂದು ಇಟ್ಟಾಗ ಬಿರುಗಾಳಿಯು ನಡೆದುಬಂದ ಹಾದಿಯೇ ಕಣ್ಣಿಗೆ ಕಟ್ಟಿತು. ಅದು ಎಲ್ಲಿಂದಲೋ ಏಕಾಏಕಿ ಉದ್ಭವಿಸಿದುದಲ್ಲ. ದಕ್ಷಿಣದಿಂದ ಬಂದು, ಮೊದಲು ಡೆವನ್ ಮತ್ತು ಕಾರ್ನ್‌ವಾಲ್ ಪ್ರಾಂತಗಳ ತೀರವನ್ನು ತಾಕಿ, ಅನಂತರ ಗಂಟೆಗಂಟೆಗೂ ಉತ್ತರಕ್ಕೆ ಸರಿಯುತ್ತ ಆಂಗಲ್ಸಿಯನ್ನು ಮುಟ್ಟಿತ್ತು. ಬಿರುಗಾಳಿಗೆ ಈ ದೂರವನ್ನು ದಾಟಲು ಹಲವು ಗಂಟೆಗಳು ಬೇಕಾದವು. ತಂತಿಯ ಸಂದೇಶಕ್ಕೆ ಕೆಲವು ನಿಮಿಷಗಳು ಸಾಕು. ಕಾರ್ನ್‌ವಾಲಿನ ತೀರದಲ್ಲಿ ಗಾಳಿ ಎದ್ದೊಡನೆ ಒಂದು ತಂತಿ ಉತ್ತರದ ಬಂದರುಗಳಿಗೆ ಹೋಗಿದ್ದರೆ? ಈ ಪ್ರಶ್ನೆ ಅವನನ್ನು ಬಿಡಲಿಲ್ಲ.

ಸರ್ಕಾರದ ಒಪ್ಪಿಗೆ ಪಡೆದು ಅವನು ತನ್ನ ಯೋಜನೆಯನ್ನು ಆರಂಭಿಸಿದನು. ಮೊದಲು ಹದಿಮೂರು, ಬಳಿಕ ಇನ್ನೂ ಹೆಚ್ಚು ಕೇಂದ್ರಗಳಿಂದ ಪ್ರತಿದಿನ ಬೆಳಿಗ್ಗೆ ಲಂಡನ್ನಿಗೆ ತಂತಿಗಳು ಬರತೊಡಗಿದವು. ವಾಯುಭಾರ, ಉಷ್ಣತೆ, ಗಾಳಿಯ ದಿಕ್ಕು ಮತ್ತು ಬಲ, ಮೋಡ, ಮಳೆ, ಸಮುದ್ರದ ಸ್ಥಿತಿ ಇವೆಲ್ಲವೂ ಅವುಗಳಲ್ಲಿರುತ್ತಿದ್ದವು. ಉತ್ತರ ಧ್ರುವದ ಕಡೆಯಿಂದ ಬರುವ ಶೀತಲವಾದ ಒಣಗಾಳಿಯೂ, ಉಷ್ಣವಲಯದಿಂದ ಬರುವ ಬೆಚ್ಚಗಿನ ತೇವದ ಗಾಳಿಯೂ ಸಂಧಿಸುವಲ್ಲಿ ಬಿರುಗಾಳಿಗಳು ಹುಟ್ಟುತ್ತವೆ ಎಂಬುದು ಫಿಟ್ಸ್‌ರಾಯ್‌ನ ಗ್ರಹಿಕೆಯಾಗಿತ್ತು. ಮುಂದೆ ಇಪ್ಪತ್ತನೆಯ ಶತಮಾನದಲ್ಲಿ ನಾರ್ವೆಯ ವಿಜ್ಞಾನಿಗಳು ಬೆಳೆಸಿದ ಸಿದ್ಧಾಂತಕ್ಕೆ ಇದು ಬಹಳ ಸಮೀಪವಾದುದು. ಅಪಾಯವಿದೆಯೆಂದು ತೋರಿದರೆ ಅವನು ಒಡನೆಯೇ ಆಯಾ ಬಂದರಿಗೆ ತಂತಿ ಕೊಡುತ್ತಿದ್ದನು. ಬಂದರಿನವರು ಬಳೆಗಳಿಗೆ ಬಿಗಿದ ಕಪ್ಪು ಬಟ್ಟೆಯ ದೊಡ್ಡ ಶಂಕುವನ್ನೋ ಕೊಳಗದಂಥ ಆಕೃತಿಯನ್ನೋ ಎತ್ತರದ ಕಂಬಕ್ಕೆ ಏರಿಸುತ್ತಿದ್ದರು. ಶಂಕುವಿನ ತುದಿ ಮೇಲಿದ್ದರೆ ಉತ್ತರದ ಬಿರುಗಾಳಿ, ಕೆಳಗಿದ್ದರೆ ದಕ್ಷಿಣದ ಬಿರುಗಾಳಿ. ರಾತ್ರಿಯಲ್ಲಿ ಅದೇ ಆಕಾರದಲ್ಲಿ ದೀಪಗಳನ್ನು ತೂಗುಹಾಕುತ್ತಿದ್ದರು. ಅಕ್ಷರ ಬಾರದ ಬೆಸ್ತನಿಗೂ ಇದು ಅರ್ಥವಾಗುತ್ತಿತ್ತು.

ಮೊದಲ ಎಚ್ಚರಿಕೆಯು 1861ರ ಫೆಬ್ರವರಿಯಲ್ಲಿ ಹೊರಟಿತು. ಅದನ್ನು ಲೆಕ್ಕಿಸದೆ ಈಶಾನ್ಯ ತೀರದಿಂದ ಹೊರಟ ಹಡಗುಗಳಲ್ಲಿ ಹಲವು ಎರಡು ಮೂರು ದಿನಗಳೊಳಗೆ ಬಿರುಗಾಳಿಗೆ ಸಿಕ್ಕಿ ನುಚ್ಚುನೂರಾದವು. ಅದೇ ಬಿರುಗಾಳಿಯಲ್ಲಿ ವಿಟ್ಬಿ ಎಂಬ ಊರಿನ ರಕ್ಷಣಾ ದೋಣಿಯವರು ಒಂದಾದ ಮೇಲೊಂದು ಹಡಗಿನ ಜನರನ್ನು ದಡ ಸೇರಿಸುತ್ತಿದ್ದರು. ಕೊನೆಗೆ ಅವರ ದೋಣಿಯೇ ಮಗುಚಿ, ಹದಿಮೂವರಲ್ಲಿ ಹನ್ನೆರಡು ಮಂದಿ ಮುಳುಗಿದರು. ಎಚ್ಚರಿಕೆಯನ್ನು ತಿರಸ್ಕರಿಸಿದವನು ತನ್ನೊಬ್ಬನ ಪ್ರಾಣವನ್ನೇ ಒತ್ತೆಯಿಡುವುದಿಲ್ಲ. ಅವನನ್ನು ಕಾಪಾಡಲು ಹೋಗುವವರ ಪ್ರಾಣವೂ ಅದರಲ್ಲಿ ಸೇರಿರುತ್ತದೆ.

ಬಂದರುಗಳಿಗೆಂದು ಸಿದ್ಧಪಡಿಸುತ್ತಿದ್ದ ಮಾಹಿತಿಯನ್ನು ಸರ್ವಜನರಿಗೂ ತಿಳಿಸಿದರೇನು ತಪ್ಪು? 1861ರ ಆಗಸ್ಟ್ 1ರಂದು ಲಂಡನ್ನಿನ ಟೈಮ್ಸ್ ಪತ್ರಿಕೆಯಲ್ಲಿ ಮೊದಲ ಹವಾಮುನ್ಸೂಚನೆ ಪ್ರಕಟವಾಯಿತು. ದೇಶದ ಉತ್ತರ, ಪಶ್ಚಿಮ ಹಾಗೂ ದಕ್ಷಿಣ ಭಾಗಗಳಲ್ಲಿ ಎರಡು ದಿನ ಯಾವ ಗಾಳಿ ಬೀಸಬಹುದು, ಹವೆ ಹೇಗಿರಬಹುದು ಎಂಬ ನಾಲ್ಕಾರು ಪದಗಳ ಸಾಲುಗಳಷ್ಟೇ ಅದರಲ್ಲಿದ್ದವು. ಇದಕ್ಕೆ ಯಾವ ಹೆಸರಿಡಬೇಕೆಂಬುದನ್ನೂ ಫಿಟ್ಸ್‌ರಾಯ್ ಬಹಳ ಎಚ್ಚರಿಕೆಯಿಂದ ಆಲೋಚಿಸಿದ್ದನು. ಗ್ರಹಗತಿಗಳನ್ನು ನೋಡಿ ವರ್ಷವಿಡೀ ಆಗುವ ಮಳೆಬಿಸಿಲುಗಳನ್ನು ಸಾರುವ ಪಂಚಾಂಗಗಳು ಆಗ ಲಂಡನ್ನಿನಲ್ಲಿ ಧಾರಾಳವಾಗಿ ಮಾರಾಟವಾಗುತ್ತಿದ್ದವು. ತಾನು ಹೇಳುವುದು ಭವಿಷ್ಯವಾಣಿಯಲ್ಲ, ಕಣಿಯಲ್ಲ. ತಿಳಿದ ಅಂಶಗಳಿಂದ ಲೆಕ್ಕಹಾಕಿ ತಳೆದ ಅಭಿಪ್ರಾಯ ಮಾತ್ರ ಎಂಬುದನ್ನು ಸ್ಪಷ್ಟಪಡಿಸಲು ಆತನು ಫೋರ್‌ಕಾಸ್ಟ್ ಎಂಬ ಪದವನ್ನು ಆರಿಸಿದನು. ಇಂಗ್ಲಿಷಿನಲ್ಲಿ ಹವಾಮುನ್ಸೂಚನೆಗೆ ಇಂದಿಗೂ ಅದೇ ಪದ ಬಳಕೆಯಲ್ಲಿದೆ. 1863ರಲ್ಲಿ ಹವೆಯನ್ನು ಕುರಿತು ಅವನು ಬರೆದ ದೊಡ್ಡ ಗ್ರಂಥವೂ ಹೊರಬಂದಿತು.

ಜನರು ಇದನ್ನು ಮೆಚ್ಚಿದರು. ವಿಹಾರಕ್ಕೆ, ಕುದುರೆಜೂಜಿಗೆ ಹೊರಡುವವರು ಸಹ ಪತ್ರಿಕೆಯ ಆ ಸಾಲುಗಳನ್ನು ನೋಡತೊಡಗಿದರು. ವಿಕ್ಟೋರಿಯಾ ರಾಣಿಯು ವೈಟ್ ದ್ವೀಪದ ತನ್ನ ಅರಮನೆಗೆ ಸಮುದ್ರ ದಾಟಿ ಹೋಗುವ ಮುನ್ನ ಫಿಟ್ಸ್‌ರಾಯ್‌ನ ಮನೆಗೆ ದೂತರನ್ನು ಕಳುಹಿಸಿ ಹವೆಯನ್ನು ವಿಚಾರಿಸಿದ್ದುಂಟು. ಆದರೆ ಮುನ್ಸೂಚನೆಗಳು ಕೆಲವೊಮ್ಮೆ ತಪ್ಪಾಗುತ್ತಿದ್ದವು. ಅದು ಅನಿವಾರ್ಯವೂ ಆಗಿತ್ತು. ಬ್ರಿಟನ್ನಿನ ಹವೆ ಬಹುಪಾಲು ಪಶ್ಚಿಮದಿಂದ ಬರುತ್ತದೆ. ಅಲ್ಲಿರುವುದು ಸಾವಿರಾರು ಮೈಲಿ ವಿಸ್ತಾರದ ಅಟ್ಲಾಂಟಿಕ್ ಸಾಗರ. ಐರ್ಲೆಂಡಿನ ಪಶ್ಚಿಮ ಅಂಚಿನ ವಾಲೆಂಷಿಯಾ ಎಂಬ ಕೇಂದ್ರದಿಂದಾಚೆಗೆ ಸುದ್ದಿ ಕಳುಹಿಸುವವರು ಯಾರೂ ಇರಲಿಲ್ಲ. ಹಡಗುಗಳಲ್ಲಿ ಆಗ ನಿಸ್ತಂತು ಯಂತ್ರಗಳಿರಲಿಲ್ಲ. ಮೇಲಣ ವಾಯುಮಂಡಲದ ಸ್ಥಿತಿಯನ್ನು ದಿನದಿನವೂ ಅರಿಯುವ ಸಾಧನವಿರಲಿಲ್ಲ. ಕಿಟಕಿಯೊಂದನ್ನು ಸ್ವಲ್ಪವೇ ತೆರೆದು ಊರಿನ ಸಂತೆಯನ್ನೆಲ್ಲ ವರ್ಣಿಸಬೇಕಾದ ಮನುಷ್ಯನ ಪಾಡು ಅವನದಾಗಿತ್ತು.

ನಗೆಯಾಡುವವರಿಗೆ ಈ ಕಷ್ಟಗಳು ಬೇಕಿರಲಿಲ್ಲ. ಮುನ್ಸೂಚನೆಯನ್ನು ಅಚ್ಚುಮಾಡುತ್ತಿದ್ದ ಪತ್ರಿಕೆಯೇ ಅದರ ತಪ್ಪುಗಳಿಗೆ ತಾನು ಹೊಣೆಯಲ್ಲವೆಂದು ಹೇಳಿ ಕುಚೋದ್ಯ ಮಾಡಿತು. ತಂತಿಗಳ ಖರ್ಚು ದಂಡವೆಂದು ಕೆಲವು ಪಾರ್ಲಿಮೆಂಟ್ ಸದಸ್ಯರು ದೂರಿದರು. ಎಚ್ಚರಿಕೆ ಕಂಡ ದಿನ ದೋಣಿಗಳು ಬಂದರಿನಲ್ಲಿಯೇ ಉಳಿಯುವುದರಿಂದ ಮೀನು ಹಿಡಿಯುವ ದೋಣಿಗಳ ಒಡೆಯರಿಗೆ ನಷ್ಟವಾಗುತ್ತಿತ್ತು, ಅವರೂ ಗೊಣಗಿದರು. ವಿಜ್ಞಾನಿಗಳಲ್ಲಿ ಕೆಲವರ ಆಕ್ಷೇಪಣೆ ಇದಕ್ಕಿಂತ ಗಂಭೀರವಾದುದು. ಹವೆಯ ನಿಯಮಗಳೇ ಇನ್ನೂ ಸಿದ್ಧವಾಗಿಲ್ಲದಿರುವಾಗ ಮುನ್ಸೂಚನೆ ಕೊಡುವುದು ವಿಜ್ಞಾನಕ್ಕೆ ಅವಮಾನವೆಂದು ಅವರು ವಾದಿಸಿದರು. ಅವರ ಮಾತಿನಲ್ಲಿ ಹುರುಳಿಲ್ಲದೆ ಇರಲಿಲ್ಲ. ಆದರೆ ಸಿದ್ಧಾಂತ ಪರಿಪೂರ್ಣವಾಗುವವರೆಗೆ ಬಿರುಗಾಳಿ ಕಾಯುವುದೇ? ಇಂದು ಸಂಜೆ ಸಮುದ್ರಕ್ಕೆ ಇಳಿಯಲಿರುವ ಬೆಸ್ತನಿಗೆ ಅರೆಬರೆಯಾದ ತಿಳಿವೂ ಪ್ರಯೋಜನಕರ ಎಂಬುದು ಫಿಟ್ಸ್‌ರಾಯ್‌ನ ನಿಲುವು. ಎಚ್ಚರಿಕೆ ಪಾಲಿಸುವುದು ಕಡ್ಡಾಯವೆಂದು ಅವನೆಂದೂ ಹೇಳಲಿಲ್ಲ, ತೀರ್ಮಾನ ನಾವಿಕನದೇ. ಈ ವಾದದಲ್ಲಿ ಅವನಿಗೆ ಒಂದು ದೊಡ್ಡ ಅನನುಕೂಲವಿತ್ತು. ಸುಳ್ಳಾದ ಮುನ್ಸೂಚನೆ ಎಲ್ಲರ ಕಣ್ಣಿಗೂ ಬೀಳುತ್ತದೆ. ಶಂಕುವನ್ನು ಕಂಡು ಬಂದರಿನಲ್ಲಿಯೇ ನಿಂತ ಹಡಗು ಮುಳುಗುವುದಿಲ್ಲ; ಮುಳುಗದ ಹಡಗಿನ ಲೆಕ್ಕವನ್ನು ಯಾವ ದಫ್ತರವೂ ಇಡುವುದಿಲ್ಲ.

ದುಡಿಮೆ ಮಿತಿಮೀರಿತು. ಆರೋಗ್ಯ ಕೆಟ್ಟಿತು, ಕಿವಿ ಮಂದವಾಯಿತು. ಡಾರ್ವಿನ್ನನ ವಿಕಾಸವಾದವು ತನ್ನ ಧರ್ಮಶ್ರದ್ಧೆಗೆ ವಿರುದ್ಧವೆಂದು ತೋರಿ, ಹಳೆಯ ಸ್ನೇಹಿತನಿಂದಲೂ ಅವನು ದೂರನಾಗಿದ್ದನು. ಅವನಿಗೆ ಆಗಾಗ ಕವಿಯುತ್ತಿದ್ದ ಖಿನ್ನತೆಯು ಈಗ ಗಾಢವಾಯಿತು. ಮನಸ್ಸಿನ ಕಾಯಿಲೆಯನ್ನು ಕಾಯಿಲೆಯೆಂದು ಗುರುತಿಸಿ ಚಿಕಿತ್ಸೆ ಮಾಡುವ ವೈದ್ಯಶಾಸ್ತ್ರ ಆಗಿನ್ನೂ ಬೆಳೆದಿರಲಿಲ್ಲ. 1865ರ ಏಪ್ರಿಲ್ 30ರ ಭಾನುವಾರ ಬೆಳಿಗ್ಗೆ ಲಂಡನ್ನಿನ ದಕ್ಷಿಣದ ಅಪ್ಪರ್ ನಾರ್‌ವುಡ್‌ನಲ್ಲಿದ್ದ ಮನೆಯಲ್ಲಿ ಫಿಟ್ಸ್‌ರಾಯ್ ತನ್ನ ಜೀವವನ್ನು ತಾನೇ ಕೊನೆಗಾಣಿಸಿಕೊಂಡನು. ಆಗ ಅವನಿಗೆ ಐವತ್ತೊಂಬತ್ತು ವರ್ಷ. ತನ್ನ ಪಾಲಿನ ಆಸ್ತಿಯನ್ನೆಲ್ಲ ಆತನು ಸಾರ್ವಜನಿಕ ಕಾರ್ಯಗಳಿಗೆ ವ್ಯಯಮಾಡಿದ್ದನೆಂಬುದು ಆಮೇಲೆ ತಿಳಿದುಬಂದಿತು. ಸಂಸಾರದ ನೆರವಿಗಾಗಿ ಗೆಳೆಯರು ನಿಧಿಯನ್ನು ಕೂಡಿಸಿದರು. ಅದಕ್ಕೆ ಡಾರ್ವಿನ್ 100 ಪೌಂಡುಗಳನ್ನು ಕೊಟ್ಟನು. ರಾಣಿಯು ಅವನ ವಿಧವೆಗೆ ಹ್ಯಾಂಪ್ಟನ್ ಕೋರ್ಟ್ ಅರಮನೆಯಲ್ಲಿ ವಾಸಕ್ಕೆ ಸ್ಥಳವನ್ನಿತ್ತಳು.

ಅವನ ಕಾರ್ಯವನ್ನು ಪರಿಶೀಲಿಸಲು ಫ್ರಾನ್ಸಿಸ್ ಗಾಲ್ಟನ್ ಎಂಬ ವಿಜ್ಞಾನಿಯ ನೇತೃತ್ವದಲ್ಲಿ ಒಂದು ಸಮಿತಿ ನೇಮಕವಾಯಿತು. ದೈನಂದಿನ ಮುನ್ಸೂಚನೆಗೆ ವೈಜ್ಞಾನಿಕ ತಳಹದಿಯಿಲ್ಲವೆಂದು ಅದು 1866ರಲ್ಲಿ ವರದಿ ಕೊಟ್ಟಿತು. ಪತ್ರಿಕೆಯ ಮುನ್ಸೂಚನೆಯೂ ನಿಂತಿತು. ಅದೇ ವರ್ಷದ ಡಿಸೆಂಬರಿನಲ್ಲಿ ಬಂದರುಗಳ ಕಂಬಗಳಿಂದ ಶಂಕುಗಳೂ ಕೆಳಗಿಳಿದವು. ಆಗ ಅವುಗಳನ್ನು ಮರಳಿ ಕೇಳಿದವರು ಬಂದರುಗಳ ಜನರು. ಕಂಬ ಬರಿದಾದ ಮೇಲೆ ಅದರ ಬೆಲೆ ಅವರಿಗೆ ತಿಳಿದಿತ್ತು. ಎಲ್ಲೆಡೆಯಿಂದ ಮನವಿಗಳು ಬಂದುದರಿಂದ ಮರುವರ್ಷವೇ ಸರ್ಕಾರವು ಬಿರುಗಾಳಿಯ ಎಚ್ಚರಿಕೆಗಳನ್ನು ಪುನಃ ಆರಂಭಿಸಬೇಕಾಯಿತು. ಪತ್ರಿಕೆಗಳಲ್ಲಿ ಮುನ್ಸೂಚನೆ ಮರಳಿ ಬರಲು 1879ರವರೆಗೆ ಕಾಯಬೇಕಾಯಿತು.

ಎಚ್ಚರಿಕೆಯಿದ್ದರೂ ಹೊಟ್ಟೆಪಾಡು ಕೇಳದೆಂಬುದಕ್ಕೆ ಸ್ಕಾಟ್ಲೆಂಡಿನ ಐಮತ್ ಎಂಬ ಬೆಸ್ತರ ಊರಿನ ಕಥೆ ಸಾಕ್ಷಿ. ಆ ಊರಿನಲ್ಲಿಯೂ ಸಾರ್ವಜನಿಕ ವಾಯುಭಾರಮಾಪಕವಿತ್ತು. 1881ರ ಅಕ್ಟೋಬರ್ 14ರ ಬೆಳಿಗ್ಗೆ ಅದರ ಪಾದರಸ ತೀರ ಕೆಳಗಿಳಿದಿತ್ತು. ಆದರೆ ಹಿಂದಿನ ದಿನಗಳಲ್ಲಿ ಹವೆ ಕೆಟ್ಟು ದೋಣಿಗಳು ಹೊರಟಿರಲಿಲ್ಲ, ಮನೆಗಳಲ್ಲಿ ಹಣವಿರಲಿಲ್ಲ, ಅಂದು ಬೆಳಿಗ್ಗೆ ಸಮುದ್ರ ಶಾಂತವಾಗಿಯೇ ಕಾಣುತ್ತಿತ್ತು. ದೋಣಿಗಳು ಹೊರಟವು. ನಡುಹಗಲಿಗೆ ಬಿರುಗಾಳಿ ಎದ್ದಿತು. ಆ ತೀರದ 189 ಬೆಸ್ತರು ಮಡಿದರು. ಅವರಲ್ಲಿ 129 ಮಂದಿ ಐಮತ್ ಒಂದೇ ಊರಿನವರು. ದಡದಲ್ಲಿ ನಿಂತ ಹೆಂಗಸರ ಕಣ್ಣೆದುರಿನಲ್ಲಿಯೇ ಕೆಲವು ದೋಣಿಗಳು ಬಂಡೆಗೆ ಬಡಿದವು.

ನಮ್ಮ ದೇಶದಲ್ಲಿಯೂ ಇಂಥದೇ ಆಘಾತವೊಂದು ಹೊಸ ವ್ಯವಸ್ಥೆಗೆ ಕಾರಣವಾಯಿತು. 1864ರ ಅಕ್ಟೋಬರ್ 5ರಂದು ಕಲ್ಕತ್ತೆಗೆ ಬಂದೆರಗಿದ ಚಂಡಮಾರುತವು ಹತ್ತಾರು ಸಾವಿರ ಜನರನ್ನು ಬಲಿ ತೆಗೆದುಕೊಂಡಿತು. ಫಿಟ್ಸ್‌ರಾಯ್ ತೀರಿಕೊಂಡ 1865ರಲ್ಲಿಯೇ ಆ ಬಂದರಿನಲ್ಲಿ ಬಿರುಗಾಳಿಯ ಎಚ್ಚರಿಕೆ ನೀಡುವ ಪದ್ಧತಿ ಮೊದಲಾಯಿತು. 1875ರಲ್ಲಿ ಭಾರತ ಹವಾಮಾನ ಇಲಾಖೆ ಸ್ಥಾಪಿತವಾಯಿತು. 1886ರ ವೇಳೆಗೆ ಈ ಎಚ್ಚರಿಕೆಯ ಪದ್ಧತಿ ದೇಶದ ಎಲ್ಲ ಬಂದರುಗಳಿಗೂ ವಿಸ್ತರಿಸಿತು. ನಮ್ಮ ಮಂಗಳೂರು, ಕಾರವಾರಗಳ ಬೆಸ್ತರಿಗೂ ಬಂದರಿನ ಅಪಾಯ ಸೂಚಕಗಳು ಪರಿಚಿತವಾದವು. 1999ರಲ್ಲಿ ಒಡಿಶಾ ತೀರವನ್ನು ಹೊಕ್ಕ ಚಂಡಮಾರುತದಿಂದ ಸುಮಾರು 10 ಸಾವಿರ ಜನ ಸತ್ತರು. 2013ರಲ್ಲಿ ಅದೇ ತೀರಕ್ಕೆ ಫೈಲಿನ್ ಎಂಬ ಪ್ರಬಲ ಚಂಡಮಾರುತ ಬಂದಾಗ, ಮುನ್ಸೂಚನೆಯನ್ನು ನಂಬಿ ಸುಮಾರು ಹತ್ತು ಲಕ್ಷ ಜನರನ್ನು ಮೊದಲೇ ಸುರಕ್ಷಿತ ಸ್ಥಳಗಳಿಗೆ ಸಾಗಿಸಲಾಗಿತ್ತು. ಆಗ ಸತ್ತವರ ಸಂಖ್ಯೆ ಐವತ್ತನ್ನು ಮುಟ್ಟಲಿಲ್ಲ.

ಕೆಲವೇ ಗುಮಾಸ್ತರೊಡನೆ ಫಿಟ್ಸ್‌ರಾಯ್ ಆರಂಭಿಸಿದ ಇಲಾಖೆಯು ಬೆಳೆದು ಬ್ರಿಟನ್ನಿನ ಹವಾಮಾನ ಕಚೇರಿಯಾಗಿದೆ. ಉಪಗ್ರಹಗಳೂ ಬೃಹತ್ ಗಣಕಯಂತ್ರಗಳೂ ಈಗ ಅದರ ಕೆಲಸಕ್ಕೆ ನೆರವಾಗಿವೆ. ಎಕ್ಸೆಟರ್ ನಗರದಲ್ಲಿ ಅದರ ಕಟ್ಟಡವಿರುವ ಬೀದಿಗೆ ಫಿಟ್ಸ್‌ರಾಯ್‌ನ ಹೆಸರನ್ನಿಡಲಾಗಿದೆ. ಬ್ರಿಟನ್ನಿನ ಬಾನುಲಿಯು ನಾವಿಕರಿಗಾಗಿ ಸುತ್ತಲಿನ ಸಮುದ್ರವನ್ನು ವಲಯಗಳಾಗಿ ವಿಂಗಡಿಸಿ, ಒಂದೊಂದರ ಹೆಸರು ಹೇಳಿ, ಅಲ್ಲಿನ ಗಾಳಿಯ ಸ್ಥಿತಿಯನ್ನು ಬಿತ್ತರಿಸುತ್ತದೆ. ಆ ವಲಯಗಳ ಹೆಸರುಗಳು ದ್ವೀಪ, ನದಿ, ಭೂಶಿರ, ಮರಳದಿಣ್ಣೆಗಳವು. 2002ರಲ್ಲಿ ಸ್ಪೇನ್ ದೇಶದ ವಾಯವ್ಯಕ್ಕಿರುವ ವಲಯವೊಂದರ ಹೆಸರನ್ನು ಬದಲಾಯಿಸುವ ಸಂದರ್ಭ ಒದಗಿದಾಗ ಅದಕ್ಕೆ ಫಿಟ್ಸ್‌ರಾಯ್ ಎಂದು ಹೆಸರಿಡಲಾಯಿತು. ಮನುಷ್ಯನೊಬ್ಬನ ಹೆಸರನ್ನು ಹೊತ್ತಿರುವ ವಲಯ ಅದೊಂದೇ.